ಅಪ್ಪನ ತೇವದ ಮೀಟರು

ಬ್ಯಾಡಗಿಯ ನಮ್ಮ ಮನೆಗೆ ಬಂದವರು ಹೊಸ್ತಿಲು ದಾಟಿದ ಕೂಡಲೇ ಸೀನುತ್ತಿದ್ದರು. ಒಂದೆರಡು ಸೀನಿಗೆ ನಿಂತರೆ ಊರವರು, ನಾಲ್ಕೈದಕ್ಕೆ ಹೋದರೆ ಹೊರಗಿನವರು ಎಂದು ಆಯಿ ಅಡುಗೆಮನೆಯಲ್ಲಿ ಕೂತೇ ಗುರುತು ಹಿಡಿದು, ಚಹಾಕ್ಕೆ ಹಾಲು ಎಷ್ಟು ಹಾಕಬೇಕೆಂದು ಅವ್ವನಿಗೆ ಹೇಳುತ್ತಿದ್ದಳು. ಆಯಿ ಎಂದರೆ ಅಪ್ಪನ ತಾಯಿ. ಅಪ್ಪ ಮೆಣಸಿನಕಾಯಿ ಖರೀದಿ ಮಾಡಿ ದೂರದ ಊರುಗಳ ಮಸಾಲೆ ಪುಡಿಯವರಿಗೆ ಕಳಿಸುತ್ತಿದ್ದ. ಪಡಸಾಲೆಯ ಎಡಗಡೆಯ ಕೋಣೆಯಲ್ಲಿ ಜಂತಿ ಮುಟ್ಟುವ ತನಕ ಚೀಲ, ಹಿತ್ತಲ ಕೋಣೆಯಲ್ಲಿ ಮತ್ತಷ್ಟು ಚೀಲ, ನಡುವೆ ಅಡುಗೆಮನೆ, ದೇವರ ಜಗಲಿ ಮತ್ತು ನಾವು ನಾಲ್ಕು ಜನ. ಹಾಸಿಗೆ, ದಿಂಬು, ನನ್ನ ಪಾಟಿಚೀಲ ಎಲ್ಲಕ್ಕೂ ಅದೇ ಘಾಟು. ಸಾಲಿಯಲ್ಲಿ ನನ್ನ ಪಕ್ಕ ಕೂತ ಹುಡುಗಿ ಮೂಗು ಮುಚ್ಚಿಕೊಂಡರೆ ನನಗೆ ಬೇಸರವೇನೂ ಆಗುತ್ತಿರಲಿಲ್ಲ. ಅವಳಪ್ಪನ ಬಟ್ಟೆ ಅಂಗಡಿಯ ವಾಸನೆ ಯಾರಿಗೂ ಬರುವುದಿಲ್ಲವಲ್ಲ ಎಂದು ನಾನೇ ಅವಳ ಮೇಲೆ ಕನಿಕರ ಪಡುತ್ತಿದ್ದೆ.

ಅಪ್ಪ ಕಾಯಿ ಪರೀಕ್ಷೆ ಮಾಡುವ ರೀತಿಯನ್ನು ನೋಡಲು ಜನ ನಿಲ್ಲುತ್ತಿದ್ದರು. ಅಂಗಿಯ ತೋಳನ್ನು ಮೇಲಕ್ಕೆ ಮಡಚಿ, ಚೀಲದ ಬಾಯಿಯಿಂದ ಕೈ ಇಳಿಸಿದರೆ ಮೊಣಕೈ ಮುಳುಗುವ ತನಕ ನಿಲ್ಲಿಸುತ್ತಿರಲಿಲ್ಲ. ಕಣ್ಣು ಮುಚ್ಚಿ ಒಳಗೆ ಬೆರಳಾಡಿಸಿ, ತಳದಿಂದ ಒಂದು ಕಾಯಿ ಎತ್ತಿ, ಕಿವಿಯ ಹತ್ತಿರ ಹಿಡಿದು ಮೆಲ್ಲಗೆ ಅಲ್ಲಾಡಿಸುತ್ತಿದ್ದ. ಚೆನ್ನಾಗಿ ಒಣಗಿದ ಕಾಯಿಯೊಳಗೆ ಬೀಜ ಬಿಡಿಯಾಗಿ ಸಪ್ಪಳ ಮಾಡುತ್ತದೆ. ಒಳಗೆ ತೇವ ಉಳಿದಿದ್ದರೆ ಬೀಜ ಗೋಡೆಗೆ ಅಂಟಿಕೊಂಡು ಸುಮ್ಮನಿರುತ್ತದೆ. ಇವೆರಡರ ನಡುವೆ ಇನ್ನೂ ಹತ್ತಾರು ಬಗೆ ಇವೆ, ಅವನ್ನು ಕೇಳಿ ತಿಳಿಯಬೇಕೇ ಹೊರತು ಹೇಳಿ ತಿಳಿಸಲು ಬರುವುದಿಲ್ಲ. ನನಗೆ ಏಳು ವರ್ಷವಿದ್ದಾಗ ಅಪ್ಪ ತಮಾಷೆಗೆಂದು ಮೂರು ಕಾಯಿಗಳನ್ನು ಒಂದಾದ ಮೇಲೊಂದು ನನ್ನ ಕಿವಿಗೆ ಹಿಡಿದು, ಹಸಿ ಯಾವುದು ಎಂದು ಕೇಳಿದ. ನಾನು ನಡುವಿನದನ್ನು ತೋರಿಸಿದೆ. ಮುರಿದು ನೋಡಿದ, ಸರಿಯಿತ್ತು. ಮತ್ತೆ ಮೂರು, ಮತ್ತೆ ಮೂರು. ಅವತ್ತು ಅಡುಗೆಮನೆಯಿಂದ ಊಟಕ್ಕೆ ಕರೆದು ಕರೆದು ಅವ್ವನ ಗಂಟಲು ಸೋತಿತು.

ಆಮೇಲೆ ಸಾಲಿ ಇಲ್ಲದ ದಿನಗಳಲ್ಲೆಲ್ಲ ಅಪ್ಪ ನನ್ನನ್ನು ಹಳ್ಳಿಗಳ ಖರೀದಿಗೆ ಕರೆದುಕೊಂಡು ಹೋಗತೊಡಗಿದ. ಸ್ಕೂಟರಿನ ಮುಂದೆ, ಅವನ ಎರಡು ಮೊಣಕಾಲುಗಳ ನಡುವೆ ನಿಂತುಕೊಂಡು ನಾನು ಕದರಮಂಡಲಗಿ, ಮೇಡ್ಲೇರಿ ಎಲ್ಲ ನೋಡಿದೆ. ರೈತರ ಅಂಗಳದಲ್ಲಿ ಇಳಿದ ಕೂಡಲೇ ಅಪ್ಪ ಹೇಳುತ್ತಿದ್ದ ಮಾತು ಒಂದೇ:

"ಇವತ್ತ ನನ್ನ ಕಿವಿ ತಂದೇನಿ. ಇನ್ನ ನೀವು ನನಗ ಏನೂ ಹೇಳಬ್ಯಾಡ್ರಿ."

ಎಲ್ಲರೂ ನಗುತ್ತಿದ್ದರು, ನನಗೆ ಶೇಂಗಾ ಬೆಲ್ಲ ಕೊಡುತ್ತಿದ್ದರು. ನಾನು ಮಾತ್ರ ನಗುತ್ತಿರಲಿಲ್ಲ. ನಾನು ಓದಿನಲ್ಲಿ ಸಾಧಾರಣ, ನೋಡಲು ಸಾಧಾರಣ, ಹಾಡು ಬರುತ್ತಿರಲಿಲ್ಲ, ರಂಗೋಲಿ ಸೊಟ್ಟ. ಲೋಕದಲ್ಲಿ ನನಗೆಂದು ಇದ್ದ ಜಾಗ ಅದೊಂದೇ, ಅಪ್ಪನ ಕಿವಿಯಾಗಿರುವುದು. ಅದನ್ನು ಯಾರಿಗೂ ಬಿಟ್ಟುಕೊಡಬಾರದೆಂಬ ಹಟ ಆಗಲೇ ಹುಟ್ಟಿರಬೇಕು.

ನಾನು ಐದನೆಯ ಇಯತ್ತೆಯಲ್ಲಿದ್ದಾಗ ಅಪ್ಪ ಯಾವುದೋ ಕೆಲಸಕ್ಕೆ ರಾಣೆಬೆನ್ನೂರಿಗೆ ಹೋದ. ಅಲ್ಲಿ ಬೀಜದ ಕಂಪನಿಯೊಂದರಲ್ಲಿ ಅವನ ಗೆಳೆಯನಿದ್ದ. ಬೀಜದಲ್ಲಿ ತೇವ ಎಷ್ಟಿದೆ ಎಂದು ನೋಡುವ ಮೀಟರನ್ನು ಆ ಗೆಳೆಯ ತೋರಿಸಿದನಂತೆ. ಅಪ್ಪ ಊಟ ಮಾಡುವುದನ್ನೂ ಮರೆತು ಅದರ ಮುಂದೆ ಕೂತನಂತೆ. ಹದಿನೈದು ದಿನದೊಳಗೆ ಅಂಥದೇ ಒಂದು ನಮ್ಮ ಮನೆಗೆ ಬಂತು. ಟಿಫಿನ್ ಡಬ್ಬಿಗಿಂತ ಸ್ವಲ್ಪ ದೊಡ್ಡದು, ಬೂದು ಬಣ್ಣ, ಮೇಲೊಂದು ಬಟ್ಟಲು. ಕಾಯಿ ಮುರಿದು ಬಟ್ಟಲಿಗೆ ತುಂಬಿ, ಮುಚ್ಚಳ ತಿರುವಿ, ಗುಂಡಿ ಒತ್ತಿದರೆ ಕೆಂಪು ಅಂಕಿ ಮೂಡುತ್ತಿತ್ತು. ಮೊದಲ ದಿನ ಅಪ್ಪ ನಮ್ಮೆಲ್ಲರನ್ನೂ ಸುತ್ತ ಕೂರಿಸಿಕೊಂಡು ಹನ್ನೊಂದು ಎಂಬ ಅಂಕಿ ತೋರಿಸಿ, ಹನ್ನೆರಡರೊಳಗೆ ಬಂದರೆ ಕಾಯಿ ಒಣಗಿದ ಹಾಗೆ ಎಂದ. ಅವನ ಮುಖದಲ್ಲಿ ಅವತ್ತು ಕಂಡ ಬೆಳಕು ನಾನು ಮೂರು ಕಾಯಿಗಳಲ್ಲಿ ಹಸಿಯದನ್ನು ಗುರುತಿಸಿದ ದಿನದ್ದೇ. ಆ ಬೆಳಕು ನನ್ನದು ಎಂದುಕೊಂಡಿದ್ದೆ.

ಮನೆಯಲ್ಲಿ ನಾನೊಬ್ಬಳೇ ಮಗಳು. ತಮ್ಮ ಹುಟ್ಟಿದ್ದರೂ ನನಗೆ ಇಷ್ಟು ಉರಿಯುತ್ತಿರಲಿಲ್ಲವೇನೋ. ತಮ್ಮನಾದರೆ ಹಟ ಮಾಡುತ್ತಾನೆ, ಬೈಸಿಕೊಳ್ಳುತ್ತಾನೆ. ಇದು ಹಟ ಮಾಡದು, ಬೈಸಿಕೊಳ್ಳದು. ಪಡಸಾಲೆಯ ಗೂಡಿನಲ್ಲಿದ್ದ ನನ್ನ ಗೊಂಬೆ, ಬಳೆಗಳು ಕಟ್ಟೆಯ ಕೆಳಗೆ ಇಳಿದವು, ಗೂಡು ಮೀಟರಿನದಾಯಿತು. ನನಗೆ ಪೋಲಕ ಹೊಲಿಸಲೆಂದು ಇಟ್ಟಿದ್ದ ಹಸಿರು ಖಣದಲ್ಲಿ ಅವ್ವ ಅದಕ್ಕೊಂದು ಗವಸಣಿಗೆ ಹೊಲಿದಳು. ಧೂಳು ಕೂರಬಾರದೆಂದು ಅಪ್ಪ ಕೇಳಿದ್ದನಂತೆ. ನನಗೇನು ಧೂಳು ಕೂರುವುದಿಲ್ಲವೇ ಎಂದು ನಾನು ಅವ್ವನನ್ನು ಕೇಳಿದೆ. ಅವ್ವ ನಕ್ಕು ಸೂಜಿಗೆ ದಾರ ಪೋಣಿಸಿಕೊಡು ಅಂದಳು. ಪೋಣಿಸಿ ಕೊಟ್ಟೆ. ಮುಂದಿನ ಭಾನುವಾರ ಸ್ಕೂಟರಿನ ಮುಂದೆ ನನ್ನ ಜಾಗದಲ್ಲಿ ಹಸಿರು ಖಣ ತೊಟ್ಟು ಅದು ನಿಂತಿತ್ತು. ಅಲುಗಾಡಿದರೆ ಕೆಡುತ್ತದೆ, ನೀನು ಹಿಂದೆ ಕೂಡು ಎಂದ ಅಪ್ಪ. ಒಂದೆರಡು ವಾರ ಹಿಂದೆ ಕೂತು ಹೋದೆ. ಅಂಗಳದಲ್ಲಿ ಕಿವಿಯ ಮಾತು ಬರಲಿಲ್ಲ. ಎಲ್ಲರೂ ಅಂಕಿಯ ಸುತ್ತ ಬಗ್ಗಿ ನಿಲ್ಲುತ್ತಿದ್ದರು, ನನ್ನ ಕೈಯಲ್ಲಿ ಶೇಂಗಾ ಬೆಲ್ಲ ಇಟ್ಟವರೂ ಆ ಕಡೆಗೇ ಓಡುತ್ತಿದ್ದರು. ಮೂರನೆಯ ವಾರ ಹೊಟ್ಟೆನೋವೆಂದು ಮನೆಯಲ್ಲೇ ಉಳಿದೆ. ಅಪ್ಪ ಯಾಕೆ ಎಂದು ಕೇಳಲಿಲ್ಲ.

ಮನೆಯಲ್ಲಿ ಮೀಟರಿಗೆ ಸಿಗದ ವಸ್ತುವೇ ಉಳಿಯಲಿಲ್ಲ. ಜೋಳ, ಕಡಲೆ, ಎಮ್ಮೆಯ ಹಿಂಡಿ, ಆಯಿ ಮಾಳಿಗೆಯ ಮೇಲೆ ಒಣಗಿಸಿದ ಸಂಡಿಗೆ. ಅಪ್ಪ ಗರಿಗರಿ ಕಟಕ ರೊಟ್ಟಿಯನ್ನು ಪುಡಿ ಮಾಡಿ ಬಟ್ಟಲಿಗೆ ಹಾಕಿ, ಆರು ಐತಿ, ಛಲೋ ಒಣಗೇತಿ ಎಂದ ಮೇಲೆಯೇ ಇನ್ನೊಂದು ರೊಟ್ಟಿ ಮುರಿದು ಬಾಯಿಗಿಡುತ್ತಿದ್ದ. ಐವತ್ತು ವರ್ಷದಿಂದ ಸಂಡಿಗೆ ಹಾಕುತ್ತಿದ್ದ ಆಯಿಗೆ, ಇನ್ನೊಂದು ಬಿಸಿಲು ಬೇಕು ಅಂತ ತೋರಿಸಾಕತ್ತೇತಿ ಎಂದು ಹೇಳುವಷ್ಟು ಧೈರ್ಯ ಅವನಿಗೆ ಬಂತು. ಆಯಿ ಒಂದು ಸಂಡಿಗೆ ಕಟುಮ್ಮನೆ ಕಡಿದು, ನನ್ನ ಹಲ್ಲು ಸುಳ್ಳ ಹೇಳತಾವೇನೋ ಎಂದಳು. ಊಟದ ಹೊತ್ತಿನಲ್ಲಿ ಊರಿನ ಸುದ್ದಿ, ಪೇಟೆಯ ಸುದ್ದಿ ಹೇಳಿ ನಗಿಸುತ್ತಿದ್ದ ಅಪ್ಪ ಈಗ ಯಾವ ಚೀಲದಲ್ಲಿ ಎಷ್ಟು ಬಂತು ಎಂಬ ಅಂಕಿಗಳನ್ನು ಒಬ್ಬನೇ ಹೇಳಿಕೊಳ್ಳುತ್ತಿದ್ದ. ಹೊರಗೆ ಬಿಸಿಲಿದೆಯೋ ಮೋಡವಿದೆಯೋ ಅವನ ಗಮನಕ್ಕೆ ಬರುತ್ತಿರಲಿಲ್ಲ. ಮೊಣಕೈ ತನಕ ಕೆಂಪಾಗಿರುತ್ತಿದ್ದ ಅವನ ಬಲಗೈ ತಿಂಗಳೊಳಗೆ ಸಾಲಿ ಮಾಸ್ತರರ ಕೈಯಂತೆ ಬೆಳ್ಳಗಾಯಿತು. ಚೀಲದ ಬಾಯಿಯಿಂದ ಒಂದು ಹಿಡಿ ತೆಗೆದರೆ ಮೀಟರಿಗೆ ಸಾಕಾಗುತ್ತಿತ್ತು, ತಳದ ತನಕ ಹೋಗುವ ಕೆಲಸ ಉಳಿದಿರಲಿಲ್ಲ.

ಅಂಕಿಯ ರುಚಿ ಹತ್ತಿದ ಅಪ್ಪ ಹಾವೇರಿಗೆ ಹೋದಾಗ ಜ್ವರ ನೋಡುವ ಹೊಸ ನಮೂನೆಯ ಕಡ್ಡಿಯೊಂದನ್ನು ತಂದ. ಪಾದರಸದ್ದಲ್ಲ, ಇದರಲ್ಲೂ ಅಂಕಿ ಮೂಡುತ್ತದೆ, ಪೂರ್ತಿ ನೋಡಿಯಾದ ಮೇಲೆ ಕೀಂ ಎನ್ನುತ್ತದೆ. ಒಂದು ಬೆಳಿಗ್ಗೆ ನನಗೆ ಮೈ ಬಿಸಿಯಾಗಿತ್ತು. ಖರೇ ಹೇಳುತ್ತೇನೆ, ನನಗೆ ಖುಷಿಯಾಯಿತು. ಜ್ವರ ಬಂದರೆ ಅಪ್ಪ ಅಂಗೈ ಹಿಂಭಾಗವನ್ನು ನನ್ನ ಕುತ್ತಿಗೆಗೆ ಒತ್ತಿ, ಸ್ವಲ್ಪ ಹೊತ್ತು ಹಾಗೇ ಇಟ್ಟುಕೊಳ್ಳುತ್ತಿದ್ದ. ಘಾಟಿನ ಕೈ ಕಣ್ಣಿಗೆ ತಾಗೀತು ಎಂದು ಹಣೆ ಮುಟ್ಟುತ್ತಿರಲಿಲ್ಲ. ನಾನು ಕುತ್ತಿಗೆ ಚಾಚಿ ಮಲಗಿದೆ. ಅಪ್ಪ ಬಂದು ಕಡ್ಡಿಯನ್ನು ಕಂಕುಳಲ್ಲಿಟ್ಟು, ಅದು ಕೀಂ ಎನ್ನುವ ಮೊದಲೇ ಅವಸರದಿಂದ ತೆಗೆದು ನೋಡಿದ.

"ತೊಂಬತ್ತೆಂಟ ಐತಿ. ಜ್ವರಾ ಏನಿಲ್ಲ, ಸಾಲಿಗೆ ಹೋಗು."

ಸಾಲಿಯಲ್ಲಿ ನಾನು ಬೆಂಚಿನ ಮೇಲೇ ಒರಗಿದೆ. ಮಧ್ಯಾಹ್ನ ಮಾಸ್ತರರು ಒಬ್ಬ ಹುಡುಗಿಯ ಜೊತೆ ಮನೆಗೆ ಕಳಿಸಿದರು. ಅವತ್ತು ಸಂಜೆ ಅವ್ವ ಮೊದಲ ಸಲ ಆಯಿಯ ಎದುರೇ ಅಪ್ಪನ ಮೇಲೆ ದನಿ ಎತ್ತಿದಳು.

"ಮಗಳ ಮೈ ಮುಟ್ಟಿ ನೋಡಿದ್ರ ಗೊತ್ತಾಗತಿರಲಿಲ್ಲೇನ್ರಿ? ನಿಮ್ಮ ಕೈಗೆ ಏನಾಗೇತಿ?"

ಅಪ್ಪ ತಪ್ಪಾಯಿತು ಎನ್ನಲಿಲ್ಲ. ಕೀಂ ಅನ್ನುವ ತನಕ ಕಾಯಬೇಕಿತ್ತು ಎಂದ, ಕಡ್ಡಿಯ ಜೊತೆ ಬಂದ ಕಾಗದವನ್ನು ಬಿಚ್ಚಿ ಓದುತ್ತ ಕೂತ. ನಾನು ಕಂಬಳಿಯೊಳಗಿನಿಂದ ಗೂಡಿನ ಕಡೆ ನೋಡಿದೆ. ಹಸಿರು ಗವಸಣಿಗೆ ತೊಟ್ಟ ಅದು ನನ್ನನ್ನು ನೋಡಿ ನಗುತ್ತಿದೆ ಎನಿಸಿತು. ಅದನ್ನು ನೆಲಕ್ಕೆ ಕುಕ್ಕಬೇಕು, ಬಚ್ಚಲಿಗೆ ಹಾಕಬೇಕು ಎಂದು ಎಷ್ಟೋ ಸಲ ಅಂದುಕೊಂಡಿದ್ದೆ. ಆದರೆ ಕೆಟ್ಟರೆ ಅಪ್ಪ ಅದಕ್ಕಾಗಿ ಮರುಗುತ್ತಾನೆ, ರಿಪೇರಿಗೆ ಎತ್ತಿಕೊಂಡು ಊರೂರು ಅಲೆಯುತ್ತಾನೆ. ಅದು ಕೆಡುವುದು ನನಗೆ ಬೇಕಿರಲಿಲ್ಲ. ಅದು ತಪ್ಪಬೇಕು, ಅಪ್ಪನ ಎದುರು ಸುಳ್ಳಾಗಬೇಕು. ಅಪ್ಪ ತಿರುಗಿ ನನ್ನ ಹತ್ತಿರ ಬರಬೇಕು.

ಅಂಥ ದಿನ ಸುಗ್ಗಿ ಮುಗಿಯುವ ಹೊತ್ತಿಗೆ ಬಂತು. ಮೇಡ್ಲೇರಿ ಕಡೆಯ ಒಬ್ಬ ರೈತ ಟ್ರ್ಯಾಕ್ಟರಿನಲ್ಲಿ ಮೂವತ್ತು ಚೀಲ ತಂದ. ಕಾಯಿ ಪೂರ್ತಿ ಒಣಗಿದರೆ ತುಂಬುವಾಗ ಪುಡಿಯಾಗುತ್ತದೆ, ಅದಕ್ಕೆ ನಮ್ಮ ಕಡೆ ಚೀಲ ತುಂಬುವ ಮೊದಲು ಸ್ವಲ್ಪ ನೀರು ಚಿಮುಕಿಸಿ ಮೆತ್ತಗೆ ಮಾಡಿಕೊಳ್ಳುತ್ತಾರೆ. ಅದರಲ್ಲಿ ಮೋಸವೇನಿಲ್ಲ, ಎಲ್ಲರಿಗೂ ಗೊತ್ತಿರುವ ಪದ್ಧತಿ. ನೀರು ಎಷ್ಟು ಎಂಬುದಷ್ಟೇ ಹದ. ಆ ರೈತ ಒಳ್ಳೆಯ ಮನುಷ್ಯ, ತಾನಾಗಿಯೇ ಹೇಳಿದ.

"ನಮ್ಮ ಹುಡುಗರು ನೀರು ಸ್ವಲ್ಪ ಜಾಸ್ತೀನ ಹೊಡದಾರ ಅನಸ್ತೈತ್ರಿ. ಕೈ ಹಾಕಿ ನೋಡಿ ತಗೋರಿ."

ಅಪ್ಪ ಕೈ ಹಾಕಲಿಲ್ಲ. ಚೀಲಗಳು ಬಾಯಿ ಬಿಚ್ಚಿಕೊಂಡು ದಾರಿಯುದ್ದಕ್ಕೂ ಬಿಸಿಲು ಕುಡಿದಿದ್ದವು, ಮೇಲಿನ ಕಾಯಿ ಗರಿಗರಿಯಾಗಿತ್ತು. ಒಂದೊಂದು ಚೀಲದ ಬಾಯಿಯಿಂದ ಒಂದೊಂದು ಹಿಡಿ ತೆಗೆದು ಅಪ್ಪ ಮೀಟರಿಗೆ ಹಾಕಿದ. ಹತ್ತು, ಹತ್ತೂವರೆ, ಹತ್ತು. ನಿಮ್ಮ ಮಾತಿಗಿಂತ ಇದರ ಮಾತು ಛಲೋ ಐತಿ ಎಂದು ರೈತನ ಬೆನ್ನು ತಟ್ಟಿ ನಕ್ಕ. ರೈತನೂ ನಕ್ಕ, ಆದರೆ ಹೋಗುವಾಗ ಎರಡು ಸಲ ತಿರುಗಿ ಚೀಲಗಳ ಕಡೆ ನೋಡಿದ. ಬೆಲೆ ಏರಲಿ ಎಂದು ಆ ಮಾಲನ್ನು ತುಂಬು ಬಿಡಿಸದೆ ಹಿತ್ತಲ ಕೋಣೆಯಲ್ಲಿ ಇಡುವುದೆಂದಾಯಿತು.

ತುಂಬು ಬಿಡಿಸುವುದು ಎಂದರೆ ಕಾಯಿಯ ತೊಟ್ಟು ಮುರಿದು ತೆಗೆಯುವುದು. ಅದಕ್ಕೆ ನಮ್ಮ ಮನೆಗೆ ಆರೇಳು ಹೆಂಗಸರು ಬರುತ್ತಿದ್ದರು, ಅವರಿಗೆಲ್ಲ ಹಿರಿಯಳು ಖಾಲಾ. ಅವಳ ಹೆಸರು ಬೇರೆ ಇತ್ತು, ಇಡೀ ಓಣಿ ಕರೆಯುತ್ತಿದ್ದುದು ಖಾಲಾ, ಅಂದರೆ ಚಿಕ್ಕಮ್ಮ, ಎಂದೇ. ಚೀಲಗಳನ್ನು ಒಳಗೆ ಒಟ್ಟುವಾಗ ಒಂದು ಚೀಲ ಜಾರಿದ್ದನ್ನು ಅವಳು ಎದೆಕೊಟ್ಟು ಹಿಡಿದಳು, ಹಿಡಿದವಳೇ ಅಪ್ಪನನ್ನು ಕರೆದಳು. ಸಾವ್ಕಾರ್ರ, ತೂಕ ಭಾಳ ಐತಿ, ಒಳಗಿನ ಮಾಲು ಕೈಗೆ ಅಂಟಾಕತ್ತೇತಿ ಎಂದಳು. ಅಪ್ಪ ಅದೇ ಚೀಲದ ಬಾಯಿಯಿಂದ ಮತ್ತೊಂದು ಹಿಡಿ ತೆಗೆದು ಅಂಕಿ ತೋರಿಸಿದ. ಖಾಲಾಗೆ ಅಂಕಿ ಓದಲು ಬರುತ್ತಿರಲಿಲ್ಲ. ಅವಳು ಆ ಚೀಲವನ್ನು ಗೋಡೆಗೆ ಒಟ್ಟಿದಳು.

ಅಪ್ಪ ಪಡಸಾಲೆಗೆ ಹೋದ ಮೇಲೆ ನಾನು ಆ ಕೋಣೆಗೆ ಹೋದೆ. ಕಾಲ ಬೆರಳ ಮೇಲೆ ನಿಂತು, ಭುಜ ಮುಳುಗುವ ತನಕ ಚೀಲದೊಳಗೆ ಕೈ ಇಳಿಸಿದೆ. ಮೊಣಕೈ ದಾಟಿದ ಮೇಲೆ ತಣ್ಣಗಿತ್ತು. ಒಂದು ಕಾಯಿ ಎತ್ತಿ ಕಿವಿಗೆ ಹಿಡಿದು ಅಲ್ಲಾಡಿಸಿದೆ. ಸಪ್ಪಳವಿಲ್ಲ. ಇನ್ನೊಂದು ಚೀಲ, ಮತ್ತೊಂದು ಚೀಲ, ಯಾವುದರಲ್ಲೂ ಸಪ್ಪಳವಿಲ್ಲ. ನನ್ನ ಎದೆಯ ಬಡಿತ ಮಾತ್ರ ಕೇಳುತ್ತಿತ್ತು, ಅದು ಹೆದರಿಕೆಯದ್ದಲ್ಲ, ಸಂತೋಷದ್ದು. ತಿರುಗಿದರೆ ಬಾಗಿಲಲ್ಲಿ ಖಾಲಾ ನಿಂತಿದ್ದಳು.

"ಲಗೂನ ಹೋಗಿ ನಿಮ್ಮಪ್ಪಗ ಹೇಳವ್ವಾ. ನನ್ನ ಮಾತು ಕೇಳಲಿಲ್ಲ, ನಿನ್ನ ಮಾತು ಕೇಳತಾನ."

ಹೇಳುತ್ತೇನೆ ಎಂದು ತಲೆಯಾಡಿಸಿದೆ. ಪಡಸಾಲೆಗೆ ಬಂದೆ. ಅಪ್ಪ ಕಟ್ಟೆಯ ಮೇಲೆ ಕೂತು ಮೀಟರಿನ ಬಟ್ಟಲನ್ನು ತನ್ನ ಹೆಗಲ ಟವೆಲಿನಿಂದ ಒರೆಸುತ್ತಿದ್ದ, ಮೂಲೆ ಮೂಲೆಗೂ ಬೆರಳು ಹಾಕಿ, ಚಿಕ್ಕಂದಿನಲ್ಲಿ ನನ್ನ ಕಿವಿಯನ್ನು ಒರೆಸುತ್ತಿದ್ದ ಹಾಗೆ. ನನ್ನ ಬಾಯಿಗೆ ಬಂದ ಮಾತು ಅಲ್ಲೇ ನಿಂತಿತು. ಎಷ್ಟು ಒರೆಸುತ್ತೀಯೋ ಒರೆಸು ಎಂದುಕೊಂಡೆ. ಮಾಲು ಕೆಟ್ಟರೆ ಮನೆಗೆ ಏನಾಗುತ್ತದೆ ಎಂಬುದು ಹತ್ತು ವರ್ಷದವಳಿಗೆ ತಿಳಿಯುವುದಿಲ್ಲ ಎಂದು ಹೇಳಿ ನಾನು ತಪ್ಪಿಸಿಕೊಳ್ಳಬಹುದು. ಮೆಣಸಿನಕಾಯಿ ಮನೆಯಲ್ಲಿ ಹುಟ್ಟಿದವಳಿಗೆ ಅದು ಚೆನ್ನಾಗಿಯೇ ತಿಳಿದಿತ್ತು. ತಿಳಿದೇ ಸುಮ್ಮನಿದ್ದೆ.

ಆಮೇಲಿನ ಮೂರು ವಾರ ನಾನು ಬಹಳ ಒಳ್ಳೆಯ ಹುಡುಗಿಯಾಗಿದ್ದೆ. ಕರೆದ ಕೂಡಲೇ ಬರುತ್ತಿದ್ದೆ, ತಟ್ಟೆ ತೊಳೆದಿಡುತ್ತಿದ್ದೆ, ಮೀಟರಿನ ಗವಸಣಿಗೆಯನ್ನು ನಾನೇ ಒಗೆದು ಒಣಗಿಸಿದೆ. ಗೆದ್ದವರಿಗೆ ಇರುವ ಔದಾರ್ಯ ಅದು. ದಿನಾ ಸಾಲಿಯಿಂದ ಬಂದವಳೇ ಹಿತ್ತಲ ಕೋಣೆಯ ಬಾಗಿಲ ಸಂದಿಗೆ ಮೂಗು ಇಡುತ್ತಿದ್ದೆ. ಖಾಲಾ ಒಂದು ಸಲ, ಹೇಳಿದೆಯಾ ಎಂದು ಕಣ್ಣಲ್ಲೇ ಕೇಳಿದಳು. ಹೇಳಿದೆ ಎಂದು ಕಣ್ಣಲ್ಲೇ ಉತ್ತರ ಕೊಟ್ಟೆ. ಕೊನೆಗೆ ವಾಸನೆ ಹಿಡಿದವಳು ಆಯಿ. ಮನ್ಯಾಗ ಬೂಸು ವಾಸನಿ ಬರಾಕತ್ತೇತಿ ಎಂದು ಎರಡು ದಿನ ಹೇಳಿದಳು. ಅಪ್ಪ ಮೀಟರು ಹಿಡಿದು ಹಿತ್ತಲ ಕೋಣೆಗೆ ಹೋಗಿ ಒಂದು ಹಿಡಿ ಕಾಯಿ ಪರೀಕ್ಷಿಸಿ, ಹನ್ನೊಂದ ಐತಿ, ಏನೂ ಆಗಿಲ್ಲ ಎಂದು ಬಂದ. ಮೂರನೆಯ ದಿನ ಆಯಿ ತಾನೇ ಹೋಗಿ, ಖಾಲಾಳನ್ನು ಕರೆದು, ಒಂದು ಚೀಲವನ್ನು ಅಂಗಳದಲ್ಲಿ ಬೋರಲು ಸುರಿಸಿದಳು.

ಚೀಲದ ಬಾಯಿಯಲ್ಲಿದ್ದ ಒಂದು ಗೇಣಷ್ಟು ಮಾತ್ರ ಕೆಂಪು. ಅದರ ಕೆಳಗಿದ್ದುದೆಲ್ಲ ಒಂದಕ್ಕೊಂದು ಅಂಟಿ, ಬಿಳಿಯ ಬೂಸು ಹತ್ತಿ, ಮುರಿದರೆ ಒಳಗಿನ ಬೀಜ ಕಪ್ಪು. ಇನ್ನೊಂದು ಚೀಲ ಸುರಿದರು, ಅದೂ ಅಷ್ಟೇ. ಅವ್ವ ಸೆರಗು ಬಾಯಿಗೆ ಒತ್ತಿಕೊಂಡು ಬಾಗಿಲಿಗೆ ಒರಗಿದಳು. ಅಪ್ಪ ಸುರಿದ ರಾಶಿಯ ಹತ್ತಿರ ಬಂದ. ಆಮೇಲೆ ಅಂಗಿಯ ತೋಳನ್ನು ಮೇಲಕ್ಕೆ ಮಡಚಿದ. ಮೂರನೆಯ ಚೀಲದೊಳಗೆ ಮೊಣಕೈ ಮುಳುಗುವ ತನಕ ಕೈ ಇಳಿಸಿ, ಕಣ್ಣು ಮುಚ್ಚಿ, ತಳದಿಂದ ಒಂದು ಕಾಯಿ ಎತ್ತಿ ಕಿವಿಗೆ ಹಿಡಿದ. ಎಷ್ಟೋ ತಿಂಗಳ ಮೇಲೆ ನನ್ನ ಅಪ್ಪ ಬಂದಿದ್ದ. ಅಂಗಳ ತುಂಬ ಕೆಟ್ಟ ಮಾಲು ಬಿದ್ದಿದ್ದರೂ ನನ್ನ ಮೈಯೆಲ್ಲ ಹಿಗ್ಗುತ್ತಿತ್ತು. ಅವನು ಕಣ್ಣು ತೆರೆದು ಸುತ್ತ ನೋಡಿದ, ನಾನು ಕಂಡೆ.

"ರೇಣವ್ವಾ, ಇಲ್ಲಿ ಬಾ. ಈ ಮಾಲು ಬಂದಾಗ ನೀ ಕೈ ಹಾಕಿ ನೋಡಿದ್ದೇನು?"

ಇಲ್ಲ ಎನ್ನಬಹುದಿತ್ತು. ಆದರೆ ಖಾಲಾ ಅಲ್ಲೇ ಇದ್ದಳು, ಅವಳು ನೋಡಿದ್ದಳು.

"ನೋಡಿದ್ದೆ."

"ಕಿವಿಗೆ ಹಿಡದಿದ್ದೇನು?"

"ಹಿಡದಿದ್ದೆ."

ಅಪ್ಪ ನನ್ನ ಮುಖವನ್ನೇ ನೋಡುತ್ತಿದ್ದ. ಆ ನೋಟಕ್ಕಾಗಿ ನಾನು ಎಷ್ಟು ದಿನ ಕಾದಿದ್ದೆ. ಮುಂದಿನ ಪ್ರಶ್ನೆ ಏನೆಂದು ನನಗೆ ಆಗ ಹೊಳೆಯಿತು. ಗೊತ್ತಿದ್ದೂ ಯಾಕೆ ಹೇಳಲಿಲ್ಲ ಎಂದು ಕೇಳುತ್ತಾನೆ. ಅದಕ್ಕೆ ನನ್ನ ಹತ್ತಿರ ಇದ್ದ ಉತ್ತರ ಒಂದೇ. ಆ ಉತ್ತರವನ್ನು ಯಾವ ಮಗಳೂ ತಂದೆಗೆ ಕೊಡಲಾರಳು.

"ಒಣಗಿದ್ವು ಅಪ್ಪಾ," ಎಂದೆ. "ಸಪ್ಪಳ ಬಂದಿತ್ತು."

ಸೆರಗಿನಲ್ಲಿ ಕೈ ಒರೆಸಿಕೊಳ್ಳುತ್ತಿದ್ದ ಖಾಲಾ ನಿಂತಳು. ನನ್ನನ್ನು ನೋಡಿದಳು, ಆಮೇಲೆ ಬಗ್ಗಿ ಕೆಟ್ಟ ಕಾಯಿಗಳನ್ನು ಬೇರೆ ಮಾಡತೊಡಗಿದಳು. ಒಂದು ಮಗುವನ್ನು ಅದರ ತಂದೆಯ ಎದುರು ಸುಳ್ಳುಗಾತಿ ಮಾಡುವ ಮನಸ್ಸು ಅವಳಿಗೆ ಬರಲಿಲ್ಲ. ಅಪ್ಪ ಉಸಿರು ಬಿಟ್ಟ, ದೊಡ್ಡ ಭಾರ ಇಳಿದವನ ಹಾಗೆ. ಘಾಟಿನ ಕೈಯಲ್ಲಿ ನನ್ನನ್ನು ಮುಟ್ಟಬಾರದೆಂದು ಮೊಣಕೈಯಿಂದ ನನ್ನ ಬೆನ್ನನ್ನು ಸವರಿದ.

"ಹೋಗ್ಲಿ ಬಿಡು, ಅಳಬ್ಯಾಡ. ನಿನ್ನ ಕಿವಿಗೇ ಗೊತ್ತಾಗಲಿಲ್ಲ ಅಂದಮ್ಯಾಲೆ ಪಾಪ ಆ ಮಷಿನ್‌ದ ತಪ್ಪೇನೈತಿ."

ನಾನು ಅಳುತ್ತಿದ್ದೆನೆಂಬುದು ನನಗೆ ಗೊತ್ತಾದದ್ದು ಆಗಲೇ. ಕೆಟ್ಟದ್ದನ್ನು ಆರಿಸಿ ತೆಗೆದು, ಉಳಿದದ್ದನ್ನು ಮತ್ತೆ ಒಣಗಿಸುವಷ್ಟರಲ್ಲಿ ಆ ವರ್ಷದ ಗಳಿಕೆ ಹೋಯಿತು. ಅವ್ವನ ಎರಡು ಬಂಗಾರದ ಬಳೆಗಳೂ ಹೋದವು. ಅಪ್ಪ ಮಾತ್ರ ಯಾರನ್ನೂ ದೂರಲಿಲ್ಲ. ಮುಂದಿನ ಸುಗ್ಗಿಗೆ ಮೊದಲು ಇನ್ನೂ ದೊಡ್ಡ ಮೀಟರು ತಂದ. ಅದಕ್ಕೆ ಒಂದು ಉದ್ದನೆಯ ಕಡ್ಡಿ ಇತ್ತು, ಚೀಲದ ತಳದ ತನಕ ಇಳಿಯುತ್ತಿತ್ತು. ಅದು ಎಂದೂ ತಪ್ಪಲಿಲ್ಲ. ಅಪ್ಪ ಮತ್ತೆಂದೂ ನನ್ನ ಕಿವಿಗೆ ಕಾಯಿ ಹಿಡಿಯಲಿಲ್ಲ.

ಖಾಲಾ ತೀರಿಹೋಗಿ ಬಹಳ ವರ್ಷವಾಯಿತು, ಈಗ ಇದು ನನ್ನೊಬ್ಬಳಿಗೆ ಗೊತ್ತು. ಅಪ್ಪನಿಗೆ ವಯಸ್ಸಾಗಿದೆ, ವ್ಯಾಪಾರ ಬಿಟ್ಟಿದ್ದಾನೆ, ಬಂದವರ ಹತ್ತಿರ ಮಾತಾಡುತ್ತ ಕೂರುತ್ತಾನೆ. ನಾನು ಊರಿಗೆ ಹೋದಾಗ ಯಾರಾದರೂ ಬಂದರೆ ಆ ಮೂವತ್ತು ಚೀಲದ ಕತೆ ತಪ್ಪದೆ ಬರುತ್ತದೆ. ನನ್ನ ಕಡೆ ಕೈ ತೋರಿಸಿ, ಇಕಿ ಕಿವಿ ಹೆಂಥಾದ್ದಿತ್ತು ಗೊತ್ತೇನ್ರಿ, ಇಕಿಗೂ ಅವತ್ತ ತಿಳೀಲಿಲ್ಲ, ಮನಷ್ಯಾರ ಮ್ಯಾಲೆ ಭರೋಸಾ ಇಡಬಾರದು ನೋಡ್ರಿ ಎನ್ನುತ್ತಾನೆ. ಬಂದವರು ನನ್ನ ಕಡೆ ತಿರುಗುತ್ತಾರೆ. ನಾನು ಹೌದೆಂದು ತಲೆಯಾಡಿಸುತ್ತೇನೆ.